ಹುಣ್ಣಿನ ಬೆನ್ನಿಗೇ ಒಂದು ರಕ್ತನಾಳ

“ಡಾಕ್ಟ್ರೇ, ಗ್ಯಾಸ್ಟ್ರಿಕ್ ಜಾಸ್ತಿಯಾಗಿದೆ” ಎಂಬ ಮಾತು ಕಿವಿಗೆ ಬೀಳದ ದಿನವೇ ನಮ್ಮ ಚಿಕಿತ್ಸಾಲಯಗಳಲ್ಲಿ ಇಲ್ಲ. ಎದೆ ಉರಿದರೂ ಗ್ಯಾಸ್ಟ್ರಿಕ್, ಹೊಟ್ಟೆ ಉಬ್ಬರಿಸಿದರೂ ಗ್ಯಾಸ್ಟ್ರಿಕ್, ತೇಗು ಬಂದರೂ ಗ್ಯಾಸ್ಟ್ರಿಕ್, ಬೆನ್ನಿನಲ್ಲಿ ಚಳುಕು ಹೊಡೆದರೂ ಗ್ಯಾಸ್ಟ್ರಿಕ್. ಹೃದಯಾಘಾತದ ನೋವನ್ನೂ ಗ್ಯಾಸ್ಟ್ರಿಕ್ ಎಂದುಕೊಂಡು ಸೋಡಾ ಕುಡಿದು ಮಲಗಿದವರಿದ್ದಾರೆ. ಆ ವಿಷಯ ಬೇರೆ, ಅದಕ್ಕೆ ಬೇರೆಯೇ ಒಂದು ವಾರ ಬೇಕು. ಇಂಗ್ಲಿಷಿನ ಈ ಪದಕ್ಕೆ ‘ಜಠರಕ್ಕೆ ಸಂಬಂಧಿಸಿದ’ ಎಂಬುದಷ್ಟೇ ಅರ್ಥ. ಅದು ಯಾವ ಕಾಯಿಲೆಯ ಹೆಸರೂ ಅಲ್ಲ. ಆದರೆ ನಮ್ಮಲ್ಲಿ ಅದೊಂದು ದೊಡ್ಡ ಗೋಣಿಚೀಲವಾಗಿದೆ. ಹೊಟ್ಟೆಯ ಯಾವ ತೊಂದರೆಯನ್ನಾದರೂ ಅದರೊಳಗೆ ತುರುಕಬಹುದು. ಹೀಗೆ ತುರುಕಿದವುಗಳಲ್ಲಿ ನೂರಕ್ಕೆ ತೊಂಬತ್ತು ನಿರುಪದ್ರವಿ ಎಂದೇ ಹೇಳಬೇಕು. ಉಳಿದವುಗಳಲ್ಲಿ ಒಂದು ಮಾತ್ರ ಕೆಲವೇ ಗಂಟೆಗಳಲ್ಲಿ ಮನುಷ್ಯನ ಜೀವವನ್ನು ಅಲುಗಾಡಿಸಬಲ್ಲದು. ಅದು ಹುಣ್ಣಿನಿಂದಾಗುವ ರಕ್ತಸ್ರಾವ.

ಹುಣ್ಣು ಎಲ್ಲರಿಗೂ ಗೊತ್ತು. ಆದರೆ ಹೊಟ್ಟೆಯ ಒಂದು ಹುಣ್ಣು ವರ್ಷಗಟ್ಟಲೆ ಉರಿ, ನೋವು ಕೊಡುತ್ತಾ ಸುಮ್ಮನಿರುತ್ತದೆ, ಅದೇ ಅಳತೆಯ ಇನ್ನೊಂದು ಹುಣ್ಣು ಒಂದೇ ರಾತ್ರಿಯಲ್ಲಿ ಬಕೆಟ್ಟು ತುಂಬ ರಕ್ತ ಕಕ್ಕಿಸುತ್ತದೆ; ಈ ವ್ಯತ್ಯಾಸ ಏಕೆ? ಉತ್ತರ ಹುಣ್ಣಿನ ಗಾತ್ರದಲ್ಲಿಲ್ಲ, ಅದು ಕೂತ ಜಾಗದಲ್ಲಿದೆ. ಆ ಜಾಗದ ಹಿಂದೆ ಯಾವ ರಕ್ತನಾಳ ಹಾದುಹೋಗಿದೆ ಎಂಬುದರಲ್ಲಿದೆ. ಆದ್ದರಿಂದ ಈ ವಾರ ಔಷಧಿ, ಪಥ್ಯಗಳನ್ನು ಸ್ವಲ್ಪ ಹಿಂದಕ್ಕಿಟ್ಟು ಹೊಟ್ಟೆಯೊಳಗಿನ ನಾಳಗಳ ನಕ್ಷೆಯನ್ನು ನೋಡೋಣ.

ನಾಲೆ ಮತ್ತು ತೂಬು

ಹೃದಯದಿಂದ ಹೊರಟು ಅಂಗಾಂಗಗಳಿಗೆ ರಕ್ತ ಒಯ್ಯುವ ನಾಳಗಳಿಗೆ ಅಪಧಮನಿ ಎಂದು ಹೆಸರು. ಇವುಗಳಲ್ಲಿ ಎಲ್ಲಕ್ಕಿಂತ ದೊಡ್ಡದು ಮಹಾಪಧಮನಿ. ಎದೆಯಿಂದ ಬೆನ್ನೆಲುಬಿಗೆ ಒತ್ತಿಕೊಂಡೇ ಅದು ಕೆಳಗಿಳಿದು, ವಪೆಯನ್ನು ದಾಟಿ ಹೊಟ್ಟೆಗೆ ಬರುತ್ತದೆ. ನಾಲೆ ನೀರಾವರಿ ಇರುವ ಊರಿನವರಿಗೆ ಇದನ್ನು ವಿವರಿಸುವುದು ಸುಲಭ. ಮಹಾಪಧಮನಿ ಎಂದರೆ ಮುಖ್ಯ ನಾಲೆ. ಅದು ಹೊಟ್ಟೆಯ ಸೀಮೆಗೆ ಕಾಲಿಟ್ಟ ಕೂಡಲೇ ಮುಂಭಾಗದಲ್ಲಿ ಒಂದು ತೂಬು. ಸೀಲಿಯಾಕ್ ಕಾಂಡ ಎಂಬ ಈ ಮೊಟಕು ನಾಳದ ಉದ್ದ ಒಂದೆರಡು ಸೆಂಟಿಮೀಟರು, ಅಷ್ಟೆ. ಹೊಕ್ಕುಳಿಗಿಂತ ಸಾಕಷ್ಟು ಮೇಲೆ, ಎದೆಗುಂಡಿಯ ಕೆಳಗೆ, ಹೊಟ್ಟೆಯ ಅತ್ಯಂತ ಆಳದಲ್ಲಿ ಅದು ಇರುತ್ತದೆ. ಜಠರ, ಯಕೃತ್ತು, ಗುಲ್ಮ ಈ ಮೂರಕ್ಕೂ, ಮೇದೋಜೀರಕ ಗ್ರಂಥಿಯ ಬಹುಭಾಗಕ್ಕೂ ರಕ್ತ ಹೋಗಬೇಕಾದದ್ದು ಈ ಗೇಣುದ್ದವೂ ಇಲ್ಲದ ತೂಬಿನಿಂದಲೇ.

ಹೊರಟ ಸ್ವಲ್ಪದರಲ್ಲೇ ಅದು ಮೂರು ಕವಲಾಗುತ್ತದೆ. 18ನೇ ಶತಮಾನದ ಸ್ವಿಸ್ ವೈದ್ಯ ಆಲ್ಬ್ರೆಕ್ಟ್ ಫಾನ್ ಹಾಲರ್ (1708–1777) ಹೆಸರಿನಲ್ಲಿ ಇದನ್ನು ಇಂದಿಗೂ ‘ಹಾಲರನ ಮುಕ್ಕಾಲಿ’ ಎಂದು ಕರೆಯುವುದುಂಟು. ಮೂರು ಕಾಲಿನ ಮಣೆಯಂತೆಯೇ ಕಾಣುತ್ತದೆ. ಮೂರರಲ್ಲಿ ಚಿಕ್ಕದು ಎಡ ಜಠರ ಅಪಧಮನಿ. ಅದು ಮೇಲಕ್ಕೆ ಹತ್ತಿ, ಅನ್ನನಾಳ ಜಠರವನ್ನು ಸೇರುವ ಜಾಗವನ್ನು ಮುಟ್ಟಿ, ಅಲ್ಲಿಂದ ತಿರುಗಿ ಜಠರದ ಅಂಚಿಗುಂಟ ಇಳಿಯುತ್ತದೆ. ಎರಡನೆಯದು ಎಡಕ್ಕೆ, ಗುಲ್ಮದ ಕಡೆಗೆ ಹೋಗುತ್ತದೆ. ನೇರವಾಗಿ ಹೋಗುವುದಿಲ್ಲ, ಮೇದೋಜೀರಕ ಗ್ರಂಥಿಯ ಮೇಲಂಚಿನಲ್ಲಿ ಹಾವಿನ ಹಾಗೆ ಸುರುಳಿ ಸುರುಳಿಯಾಗಿ ಹರಿಯುತ್ತದೆ. ಮೂರನೆಯದು ಬಲಕ್ಕೆ, ಯಕೃತ್ತಿನ ಕಡೆಗೆ. ನಮ್ಮ ಇವತ್ತಿನ ಕಥಾನಾಯಕ, ಬೇಕಾದರೆ ಖಳನಾಯಕ ಎನ್ನಿ, ಹುಟ್ಟುವುದು ಈ ಮೂರನೆಯದರಿಂದ.

ಇದೆಲ್ಲ ಪುಸ್ತಕದ ಲೆಕ್ಕ. ನಿಜವಾದ ಹೊಟ್ಟೆಗಳು ಪುಸ್ತಕ ಓದಿರುವುದಿಲ್ಲ. ನೂರರಲ್ಲಿ ಹತ್ತು ಹದಿನೈದು ಜನರಲ್ಲಿ ಯಕೃತ್ತಿನ ಎಡಭಾಗಕ್ಕೆ ಹೋಗುವ ನಾಳವೊಂದು ಎಡ ಜಠರ ಅಪಧಮನಿಯಿಂದಲೇ ಹೊರಡುತ್ತದೆ. ಅಂಥವರಲ್ಲಿ ಜಠರದ ಶಸ್ತ್ರಚಿಕಿತ್ಸೆ ಮಾಡುವಾಗ ಎಡ ಜಠರ ಅಪಧಮನಿಯನ್ನು ಬುಡದಲ್ಲೇ ಕಟ್ಟಿ ಕತ್ತರಿಸಿದರೆ ಯಕೃತ್ತಿನ ಒಂದು ಪಾಲಿಗೆ ರಕ್ತ ಕಡಿಮೆಯಾಗುತ್ತದೆ. ಆದ್ದರಿಂದಲೇ ಅನುಭವಿ ಸರ್ಜನ್ನರು ಕತ್ತರಿ ಹಿಡಿಯುವ ಮೊದಲು ಬೆರಳಿನಿಂದ ತಡವಿ ನಾಡಿ ನೋಡುತ್ತಾರೆ. ಈಗ ಸಿ.ಟಿ. ಸ್ಕ್ಯಾನಿನಲ್ಲಿ ಮೊದಲೇ ನೋಡಿಕೊಳ್ಳುವ ಅನುಕೂಲವೂ ಇದೆ.

ಎರಡು ಕಡೆಯಿಂದ ನೀರು

ಜಠರದ ಆಕಾರ ಗೋಡಂಬಿಯಂತೆ ಎಂದುಕೊಳ್ಳಿ. ಬಲಕ್ಕೆ ಒಂದು ಗಿಡ್ಡನೆಯ ಒಳಬಾಗು, ಎಡಕ್ಕೆ ಒಂದು ಉದ್ದನೆಯ ಹೊರಬಾಗು. ಒಳಬಾಗಿನ ಅಂಚಿನಲ್ಲಿ ಮೇಲಿನಿಂದ ಎಡ ಜಠರ ಅಪಧಮನಿ ಇಳಿದು ಬರುತ್ತದೆ. ಕೆಳಗಿನಿಂದ ಬಲ ಜಠರ ಅಪಧಮನಿ ಎಂಬ ಚಿಕ್ಕ ನಾಳ ಏರಿ ಬರುತ್ತದೆ. ನಡುವೆ ಎರಡೂ ಕೂಡುತ್ತವೆ. ಹೊರಬಾಗಿನ ಅಂಚಿನಲ್ಲಿಯೂ ಇದೇ ಏರ್ಪಾಡು. ಗುಲ್ಮದ ಕಡೆಯಿಂದ ಒಂದು, ಬಲಗಡೆಯಿಂದ ಒಂದು ಬಂದು ಎದುರುಬದುರು ಸೇರುತ್ತವೆ. ಇದು ಸಾಲದೆಂಬಂತೆ ಗುಲ್ಮದ ಬಳಿಯಿಂದ ಐದಾರು ಗಿಡ್ಡ ನಾಳಗಳು ಜಠರದ ನೆತ್ತಿಗೆ ಹೋಗುತ್ತವೆ. ಅಂಚಿನ ಈ ನಾಳಗಳಿಂದ ಹೊರಟ ಕವಲುಗಳು ಜಠರದ ಗೋಡೆಯೊಳಗೆ ಹೊಕ್ಕು, ಲೋಳೆಪೊರೆಯ ಕೆಳಗೆ ಬಲೆಯಂತೆ ಹೆಣೆದುಕೊಳ್ಳುತ್ತವೆ.

ಹೀಗೆ ಒಂದೇ ಗದ್ದೆಗೆ ನಾಲ್ಕು ಕಡೆಯಿಂದ ನೀರು ಬಂದರೆ ಯಾವುದೋ ಒಂದು ಕಾಲುವೆ ಕಟ್ಟಿಕೊಂಡರೂ ಪೈರು ಒಣಗುವುದಿಲ್ಲ. ಹೃದಯದ ಅಥವಾ ಮಿದುಳಿನ ನಾಳವೊಂದು ಕಟ್ಟಿಕೊಂಡರೆ ಆಘಾತವಾಗುತ್ತದೆ. ‘ಜಠರಾಘಾತ’ ಎಂಬ ಪದವನ್ನು ನೀವು ಕೇಳಿಯೇ ಇಲ್ಲದಿರುವುದಕ್ಕೆ ಕಾರಣ ಇದೇ. ಸರ್ಜನ್ನರು ಈ ಧಾರಾಳತನವನ್ನು ಚೆನ್ನಾಗಿ ಬಳಸಿಕೊಂಡಿದ್ದಾರೆ. ಅನ್ನನಾಳದ ಕ್ಯಾನ್ಸರಿನಲ್ಲಿ ರೋಗಪೀಡಿತ ಅನ್ನನಾಳವನ್ನು ತೆಗೆದುಹಾಕಿ, ಜಠರವನ್ನೇ ಕೊಳವೆಯಂತೆ ಹೊಲಿದು ಎದೆಗೋ ಕುತ್ತಿಗೆಗೋ ಎಳೆದು ಜೋಡಿಸುತ್ತಾರೆ. ಅಷ್ಟು ದೂರ ಎಳೆಯಬೇಕಾದರೆ ಉಳಿದ ನಾಳಗಳನ್ನೆಲ್ಲ ಕತ್ತರಿಸಲೇಬೇಕು. ಆಗ ಇಡೀ ಕೊಳವೆ ಬದುಕುವುದು ಮುಖ್ಯವಾಗಿ ಹೊರಬಾಗಿನ ಬಲಗಡೆಯ ಒಂದೇ ನಾಳದ ಭರವಸೆಯ ಮೇಲೆ. 1980ರ ದಶಕದಲ್ಲಿ ಜಪಾನಿನ ಹಿಸಯೋಶಿ ಸುಮಾ, ಕೆನಡಾದ ಜಾನ್ ಪಿಮ್ ಮುಂತಾದ ಸರ್ಜನ್ನರು ಇದೇ ನಾಳವನ್ನು ಜಠರದಿಂದ ಬಿಡಿಸಿ, ವಪೆಯ ಮೂಲಕ ಮೇಲಕ್ಕೆ ತಂದು ಹೃದಯದ ಬೈಪಾಸ್‌ಗೆ ಬಳಸಿದರು. ಜಠರ ಅದರ ಅಗಲಿಕೆಯನ್ನು ಗಮನಿಸಿದಂತೆಯೂ ಕಾಣುವುದಿಲ್ಲ!

ಆದರೆ ಎರಡು ಕಡೆಯಿಂದ ನೀರು ಬರುವ ಕಾಲುವೆಗೆ ತೂತು ಬಿದ್ದರೆ ಏನಾಗುತ್ತದೆ ಎಂಬುದನ್ನೂ ರೈತರು ಬಲ್ಲರು. ಒಂದು ಕಡೆ ಮಣ್ಣು ಹಾಕಿ ಕಟ್ಟಿದರೆ ಇನ್ನೊಂದು ಕಡೆಯಿಂದ ನುಗ್ಗುತ್ತದೆ.

ಹಿಂದಿನ ಗೋಡೆ

ಜಠರದ ಕೆಳಬಾಗಿಲು ದಾಟಿದರೆ ಸಣ್ಣ ಕರುಳಿನ ಮೊದಲ ಭಾಗ, ಅಂದರೆ ಡುಯೊಡಿನಮ್. ಹನ್ನೆರಡು ಬೆರಳುಗಳ ಅಗಲದಷ್ಟು ಉದ್ದ ಎಂಬ ಲೆಕ್ಕದಿಂದ ಹುಟ್ಟಿದ ಹೆಸರು ಅದು. ಒಟ್ಟು 25 ಸೆಂಟಿಮೀಟರಿನಷ್ಟು ಉದ್ದವಿದ್ದು, ಇಂಗ್ಲಿಷಿನ ‘ಸಿ’ ಅಕ್ಷರದಂತೆ ಮೇದೋಜೀರಕ ಗ್ರಂಥಿಯ ತಲೆಯನ್ನು ಬಳಸಿಕೊಂಡಿರುತ್ತದೆ. ಜಠರ ದಿನಕ್ಕೆ ಸುಮಾರು ಎರಡು ಲೀಟರು ಆಮ್ಲರಸ ತಯಾರಿಸುತ್ತದೆ. ಈ ರಸ ಊಟದ ಜೊತೆ ಕಲಸಿಕೊಂಡು ಮೊದಲು ಬೀಳುವುದು ಡುಯೊಡಿನಮ್ಮಿನ ಮೊದಲ ಒಂದೆರಡು ಅಂಗುಲದ ಮೇಲೆ. ಆಮ್ಲದ ತೀಕ್ಷ್ಣತೆಯನ್ನು ತಗ್ಗಿಸುವ ಮೇದೋಜೀರಕ ರಸವೂ ಪಿತ್ತರಸವೂ ಬಂದು ಸೇರುವುದು ಇನ್ನೂ ಸ್ವಲ್ಪ ಮುಂದೆ. ಹೀಗಾಗಿ ಮನೆಯ ಸೂರಿನ ನೀರು ಬೀಳುವ ಜಾಗದಲ್ಲಿ ಅಂಗಳ ಕೊರೆದುಹೋಗುವ ಹಾಗೆ, ಡುಯೊಡಿನಮ್ಮಿನ ಹುಣ್ಣುಗಳಲ್ಲಿ ಬಹುಪಾಲು ಈ ಮೊದಲ ಅಂಗುಲದಲ್ಲೇ ಆಗುತ್ತವೆ.

ಈಗ ಹಿಂಭಾಗಕ್ಕೆ ಬನ್ನಿ. ಯಕೃತ್ತಿನ ಕಡೆಗೆ ಹೊರಟ ಅಪಧಮನಿ ಇಲ್ಲಿಗೆ ಬಂದಾಗ ಕೆಳಮುಖವಾಗಿ ಒಂದು ಕವಲನ್ನು ಬಿಡುತ್ತದೆ. ಅದೇ ಗ್ಯಾಸ್ಟ್ರೊಡುಯೊಡಿನಲ್ ಅಪಧಮನಿ. ದಪ್ಪ ಮೂರು ನಾಲ್ಕು ಮಿಲಿಮೀಟರು, ಅಂದರೆ ಬಾಲ್‌ಪೆನ್ನಿನ ರೀಫಿಲ್ಲಿನಷ್ಟು. ಅದು ನೇರ ಡುಯೊಡಿನಮ್ಮಿನ ಮೊದಲ ಭಾಗದ ಹಿಂದೆ ಇಳಿದು, ಮುಂದೆ ಎರಡಾಗಿ ಒಡೆದು, ಒಂದು ಕವಲು ಜಠರದ ಹೊರಬಾಗಿಗೆ (ಮೇಲೆ ಹೇಳಿದ ಬೈಪಾಸ್ ನಾಳ ಇದೇ), ಇನ್ನೊಂದು ಮೇದೋಜೀರಕ ಗ್ರಂಥಿಗೆ ಹೋಗುತ್ತದೆ. ಮುಂದೆ ಕರುಳಿನ ಗೋಡೆ, ಹಿಂದೆ ಮೇದೋಜೀರಕ ಗ್ರಂಥಿ, ನಡುವೆ ಈ ನಾಳ. ಅತ್ತಿತ್ತ ಜರುಗಲು ಜಾಗವೇ ಇಲ್ಲ. ವೈದ್ಯಕೀಯ ಕಾಲೇಜಿನ ಛೇದನ ಕೊಠಡಿಯಲ್ಲಿ, ಫಾರ್ಮಲಿನ್ ವಾಸನೆಗೆ ಕಣ್ಣು ಉರಿಯುತ್ತಿದ್ದರೂ ನಮ್ಮ ಮೇಷ್ಟ್ರು ಪ್ರತಿಯೊಬ್ಬ ವಿದ್ಯಾರ್ಥಿಯ ಬೆರಳನ್ನೂ ಅಲ್ಲಿಡಿಸಿ ಈ ನಾಳವನ್ನು ಮುಟ್ಟಿಸುತ್ತಿದ್ದರು. ಉಳಿದ ಎಷ್ಟೋ ನಾಳಗಳ ಹೆಸರನ್ನು ಪರೀಕ್ಷೆಯ ಮರುದಿನವೇ ಮರೆತಿದ್ದೇವೆ. ಇದನ್ನು ಮಾತ್ರ ಮರೆತಿಲ್ಲ.

ಡುಯೊಡಿನಮ್ಮಿನ ಮುಂದಿನ ಗೋಡೆಯ ಹುಣ್ಣು ಆಳವಾದರೆ ತೂತಾಗುತ್ತದೆ. ಅದರ ಮುಂದೆ ಹೊಟ್ಟೆಯ ಬರಿದು ಜಾಗವಷ್ಟೇ ಇರುವುದರಿಂದ ಆಮ್ಲ ಚೆಲ್ಲಿ, ಹೊಟ್ಟೆ ಹಲಗೆಯಂತೆ ಗಟ್ಟಿಯಾಗಿ, ರೋಗಿ ಅಲುಗಾಡಲೂ ಆಗದ ನೋವಿನಿಂದ ನರಳುತ್ತಾನೆ. ಹಿಂದಿನ ಗೋಡೆಯ ಹುಣ್ಣು ಆಳವಾದರೆ ಅದಕ್ಕೆ ಎದುರಾಗುವುದು ಈ ಅಪಧಮನಿ. ದಿನದಿನಕ್ಕೆ ನಾಳದ ಗೋಡೆ ಸವೆಯುತ್ತದೆ. ಒಂದು ದಿನ ಪಕ್ಕದಲ್ಲಿ ಸಣ್ಣ ಕಿಂಡಿ ಬೀಳುತ್ತದೆ. ಪೂರ್ತಿ ತುಂಡಾದ ನಾಳವಾದರೆ ಅದರ ಎರಡು ತುದಿಗಳೂ ಕುಗ್ಗಿ, ಒಳಕ್ಕೆ ಸರಿದು, ರಕ್ತ ಹೆಪ್ಪುಗಟ್ಟಿ ಮುಚ್ಚಿಕೊಳ್ಳುವ ಸಂಭವವಿದೆ. ಪಕ್ಕದಲ್ಲಿ ಕಿಂಡಿಬಿದ್ದ, ಅದೂ ಹಳೆಯ ಹುಣ್ಣಿನ ಗಟ್ಟಿ ತಳಕ್ಕೆ ಅಂಟಿಕೊಂಡ ನಾಳಕ್ಕೆ ಹಾಗೆ ಕುಗ್ಗಲು ಸಾಧ್ಯವಿಲ್ಲ. ಹೃದಯದ ಪ್ರತಿ ಬಡಿತಕ್ಕೂ ರಕ್ತ ಚಿಮ್ಮುತ್ತದೆ. ಮೇಲಿನಿಂದ ಯಕೃತ್ತಿನ ನಾಳದ ರಕ್ತ; ಕೆಳಗಿನಿಂದ, ಕರುಳಿಗೆ ರಕ್ತ ಕೊಡುವ ಇನ್ನೊಂದು ದೊಡ್ಡ ಅಪಧಮನಿಯ ಕವಲುಗಳು ಮೇದೋಜೀರಕ ಗ್ರಂಥಿಯಲ್ಲಿ ಬಂದು ಕೂಡುವುದರಿಂದ ಅದರ ರಕ್ತ. ಜಠರವನ್ನು ಕಾಯುತ್ತಿದ್ದ ಏರ್ಪಾಡೇ ಇಲ್ಲಿ ಮನುಷ್ಯನಿಗೆ ತಿರುಗಿಬೀಳುತ್ತದೆ.

ಜಠರದ ಒಳಬಾಗಿನ ಹುಣ್ಣು ಎಡ ಜಠರ ಅಪಧಮನಿಯ ಕವಲನ್ನು ಕೊರೆಯಬಹುದು. ಜಠರದ ಹಿಂಗೋಡೆಯ ಹುಣ್ಣು ಗುಲ್ಮದ ಸುರುಳಿ ನಾಳವನ್ನು ಮುಟ್ಟುವುದು ಅಪರೂಪ, ಮುಟ್ಟಿದರೆ ಭೀಕರ. ಹುಣ್ಣೇ ಇಲ್ಲದೆ, ಲೋಳೆಪೊರೆಯ ಕೆಳಗೆ ಇರಬೇಕಾದ್ದಕ್ಕಿಂತ ದಪ್ಪವಾಗಿ ಉಳಿದ ಒಂದು ನಾಳ ಹಠಾತ್ತನೆ ಒಡೆದು ರಕ್ತ ಸುರಿಸುವ ಒಂದು ವಿಚಿತ್ರವೂ ಇದೆ. ಪ್ಯಾರಿಸ್ಸಿನ ವೈದ್ಯ ದ್ಯೂಲಫುವಾ 1898ರಲ್ಲಿ ವಿವರಿಸಿದ್ದರಿಂದ ಅದಕ್ಕೆ ಅವರದೇ ಹೆಸರು. ರಕ್ತ ನಿಂತ ಮೇಲೆ ಹುಡುಕಿದರೆ ಸೂಜಿಮೊನೆಯಷ್ಟು ಗುರುತೂ ಸಿಗದೆ ಎಂಡೋಸ್ಕೋಪಿ ಮಾಡುವವರನ್ನು ಅದು ಸತಾಯಿಸುತ್ತದೆ.

ಹುಣ್ಣು ಬರುವುದು ಹೇಗೆ?

ಮೆಣಸಿನಕಾಯಿಯಿಂದಲ್ಲ. ಉಪವಾಸದಿಂದಲೂ ಅಲ್ಲ. ‘ಟೆನ್ಷನ್’ ಒಂದರಿಂದಲೇ ಬಂತು ಎನ್ನುವುದೂ ಸರಿಯಲ್ಲ. ಖಾರ ಉರಿಯನ್ನು ಹೆಚ್ಚಿಸಬಹುದು, ಆದರೆ ಹುಣ್ಣನ್ನು ಅದೇ ಹುಟ್ಟಿಸುತ್ತದೆ ಎನ್ನಲು ಆಧಾರವಿಲ್ಲ. ಮುಖ್ಯ ಕಾರಣಗಳು ಎರಡೇ ಎರಡು. ಮೊದಲನೆಯದು ಹೆಲಿಕೊಬ್ಯಾಕ್ಟರ್ ಪೈಲೊರಿ ಎಂಬ ಬ್ಯಾಕ್ಟೀರಿಯ. ಆಸ್ಟ್ರೇಲಿಯದ ಪರ್ತ್ ನಗರದಲ್ಲಿ ರಾಬಿನ್ ವಾರೆನ್ ಮತ್ತು ಬ್ಯಾರಿ ಮಾರ್ಷಲ್ 1982ರಲ್ಲಿ ಇದನ್ನು ಬೆಳೆಸಿ ತೋರಿಸಿದಾಗ, ಆಮ್ಲದ ಮಡುವಿನಲ್ಲಿ ಜೀವಾಣು ಬದುಕುವುದುಂಟೇ ಎಂದು ನಕ್ಕವರೇ ಹೆಚ್ಚು. 1984ರಲ್ಲಿ ಮಾರ್ಷಲ್ ಆ ಬ್ಯಾಕ್ಟೀರಿಯ ತುಂಬಿದ ದ್ರವವನ್ನು ತಾವೇ ಕುಡಿದು ಜಠರದ ಉರಿಯೂತ ತರಿಸಿಕೊಂಡರು. 2005ರಲ್ಲಿ ಇಬ್ಬರಿಗೂ ನೊಬೆಲ್ ಬಂತು. ಈ ಸೋಂಕು ನಮ್ಮ ದೇಶದಲ್ಲಿ ಬಹಳ ಸಾಮಾನ್ಯ, ಸೋಂಕಿದ್ದವರಿಗೆಲ್ಲ ಹುಣ್ಣಾಗುವುದಿಲ್ಲ. ಹುಣ್ಣಾದವರಲ್ಲಿ ಸೋಂಕು ಇದೆಯೇ ಎಂದು ಪರೀಕ್ಷಿಸಿ, ಇದ್ದರೆ ಎರಡು ವಾರದ ಔಷಧಿಯಿಂದ ನಿರ್ಮೂಲ ಮಾಡಬೇಕು. ಆಗ ಹುಣ್ಣು ಮರುಕಳಿಸುವುದು ಬಹುಮಟ್ಟಿಗೆ ನಿಲ್ಲುತ್ತದೆ. ನಾಲ್ಕು ದಿನಕ್ಕೆ ಉರಿ ನಿಂತಿತೆಂದು ಮಾತ್ರೆ ಬಿಟ್ಟರೆ ಬ್ಯಾಕ್ಟೀರಿಯ ಮಾತ್ರ ಬಿಡುವುದಿಲ್ಲ.

ಎರಡನೆಯ ಕಾರಣದ ಬಗ್ಗೆ ಸ್ವಲ್ಪ ವಿಸ್ತಾರವಾಗಿಯೇ ಹೇಳಬೇಕು. ಅದು ನೋವಿನ ಮಾತ್ರೆ. ಡೈಕ್ಲೊಫೆನಾಕ್, ಅಸಿಕ್ಲೊಫೆನಾಕ್, ಐಬುಪ್ರೊಫೆನ್, ನ್ಯಾಪ್ರೊಕ್ಸೆನ್, ಆಸ್ಪಿರಿನ್, ಇವೆಲ್ಲ ಒಂದೇ ಕುಟುಂಬದವು. ಜಠರದ ಲೋಳೆಪೊರೆ ತನ್ನದೇ ಆಮ್ಲದಲ್ಲಿ ತಾನೇ ಬೆಂದುಹೋಗದಂತೆ ಉಳಿದಿರುವುದು ಮೂರು ರಕ್ಷಣೆಗಳಿಂದ: ಮೇಲಿನ ಲೋಳೆಯ ಹೊದಿಕೆ, ಅದರೊಳಗಿನ ಕ್ಷಾರ, ಕೆಳಗಿನ ನಾಳಗಳಲ್ಲಿ ಸದಾ ಹರಿಯುವ ರಕ್ತ. ಒಳಕ್ಕೆ ನುಸುಳಿದ ಆಮ್ಲವನ್ನು ತೊಳೆದು ಸಾಗಿಸುವುದು ಈ ರಕ್ತವೇ. ಮೂರನ್ನೂ ಸುಸ್ಥಿತಿಯಲ್ಲಿಡುವ ರಾಸಾಯನಿಕದ ಹೆಸರು ಪ್ರೊಸ್ಟಗ್ಲಾಂಡಿನ್. ಮಂಡಿಯಲ್ಲಿ ನೋವು, ಬಾವು ಉಂಟುಮಾಡುವುದೂ ಇದೇ ಜಾತಿಯ ರಾಸಾಯನಿಕ. ಆಸ್ಪಿರಿನ್ ಇದರ ತಯಾರಿಕೆಯನ್ನು ತಡೆಯುತ್ತದೆ ಎಂದು 1971ರಲ್ಲಿ ಬ್ರಿಟನ್ನಿನ ಜಾನ್ ವೇನ್ ತೋರಿಸಿದರು. ಮಂಡಿಗೆಂದು ನುಂಗಿದ ಮಾತ್ರೆಗೆ ಇದು ಮಂಡಿಯದು, ಇದು ಜಠರದ್ದು ಎಂಬ ಭೇದ ತಿಳಿಯುವುದಿಲ್ಲ. ಎರಡೂ ಕಡೆ ತಡೆಯುತ್ತದೆ. ಮಂಡಿ ಹಗುರಾಗುತ್ತದೆ, ಜಠರ ನಿರಾಯುಧವಾಗುತ್ತದೆ.

ಇಲ್ಲಿಂದಲೇ ಒಂದು ತಪ್ಪು ತಿಳಿವಳಿಕೆ ಬಗೆಹರಿಯುತ್ತದೆ. “ಮಾತ್ರೆ ಹೊಟ್ಟೆಗೆ ಆಗೋದಿಲ್ಲ, ಒಂದು ಇಂಜೆಕ್ಷನ್ ಕೊಟ್ಟುಬಿಡಿ” ಎನ್ನುವವರು ಬಹಳ. ಮಾತ್ರೆ ಜಠರವನ್ನು ಮುಟ್ಟಿ ಸುಡುವುದರಿಂದಷ್ಟೇ ಹುಣ್ಣಾಗುವುದಿಲ್ಲ, ರಕ್ತಕ್ಕೆ ಸೇರಿ ಪ್ರೊಸ್ಟಗ್ಲಾಂಡಿನ್ನನ್ನು ತಡೆಯುವುದರಿಂದ ಆಗುತ್ತದೆ. ಪೃಷ್ಠಕ್ಕೆ ಚುಚ್ಚಿದ ಔಷಧಿಯೂ ರಕ್ತದ ಮೂಲಕ ಜಠರಕ್ಕೇ ಬರುತ್ತದೆ. ಊಟವಾದ ಮೇಲೆ ನುಂಗಿದರೆ ಉರಿ ಕಡಿಮೆಯಾಗಬಹುದು, ಅಪಾಯ ಹೋಗುವುದಿಲ್ಲ.

ಅರವತ್ತೈದು ದಾಟಿದ ತಾಯಿಯೊಬ್ಬರನ್ನು ಮಗ ಕರೆದುಕೊಂಡು ಬಂದಿದ್ದರು. ಎದ್ದರೆ ತಲೆ ಸುತ್ತು, ಮೈಯೆಲ್ಲ ತಣ್ಣನೆ ಬೆವರು. ಕಣ್ಣಿನ ರೆಪ್ಪೆ ಬಿಡಿಸಿ ನೋಡಿದರೆ ಒಳಗೆ ಬಿಳಿಚಿಕೊಂಡಿತ್ತು. ನಾಡಿ ನಿಮಿಷಕ್ಕೆ 120. “ಅಮ್ಮಾ, ಯಾವುದಾದರೂ ಮಾತ್ರೆ ತಗೋತಿದ್ದೀರಾ?” ಎಂದೆ. “ಇಲ್ಲಪ್ಪ, ಮಾತ್ರೆ ಗೀತ್ರೆ ಏನೂ ಇಲ್ಲ” ಎಂದರು. ಮಗ ನಡುವೆ ಬಾಯಿ ಹಾಕಿ, “ಮಂಡಿನೋವಿಗೆ ದಿನಾ ಎರಡು ತಗೋತಾರೆ ಸಾರ್. ಅಂಗಡೀದು. ಅದು ಬಿಡಿ, ಬರೀ ನೋವಿಂದು” ಎಂದರು. ಮಲದ ಬಣ್ಣ ಕೇಳಿದೆ. ಮೂರು ದಿನದಿಂದ ಕಪ್ಪು. ನೇರಳೆ ಹಣ್ಣು ತಿಂದದ್ದರಿಂದ ಇರಬೇಕೆಂದು ತಾಯಿ ಯಾರಿಗೂ ಹೇಳಿರಲಿಲ್ಲ. ಹೊಟ್ಟೆನೋವು? ಇಲ್ಲವೇ ಇಲ್ಲ. ಜಿಲ್ಲಾ ಆಸ್ಪತ್ರೆಗೆ ಕಳಿಸಿದೆವು. ಡುಯೊಡಿನಮ್ಮಿನ ಹಿಂಗೋಡೆಯಲ್ಲಿ ಹುಣ್ಣು, ಅದರ ತಳದಲ್ಲಿ ಮೊಳೆಯ ತಲೆಯಂತೆ ಇಣುಕುತ್ತಿದ್ದ ನಾಳ. ಎಂಡೋಸ್ಕೋಪಿಯಲ್ಲಿ ಕ್ಲಿಪ್ ಹಾಕಿದರು, ನಾಲ್ಕು ಬಾಟಲಿ ರಕ್ತ ಕೊಟ್ಟರು, ತಾಯಿ ಉಳಿದರು.

ಆ ಮನೆಯಲ್ಲಿ ನಡೆದದ್ದರಲ್ಲಿ ಅಸಾಧಾರಣವಾದದ್ದು ಏನೂ ಇಲ್ಲ. ನೋವಿನ ಮಾತ್ರೆಯನ್ನು ಮಾತ್ರೆಯೆಂದೇ ಎಣಿಸದಿರುವುದು ನಮ್ಮಲ್ಲಿ ಮಾಮೂಲು. ನೋವಿನ ಮಾತ್ರೆಯೇ ನೋವನ್ನು ಮುಚ್ಚಿಡುವುದರಿಂದ ಹಿರಿಯರಲ್ಲಿ ಹುಣ್ಣು ಸದ್ದಿಲ್ಲದೆ ಬೆಳೆದು, ಮೊದಲ ಲಕ್ಷಣವಾಗಿ ರಕ್ತವೇ ಕಾಣಿಸಿಕೊಳ್ಳುವುದೂ ಉಂಟು. ಅರವತ್ತೈದು ದಾಟಿದವರು, ಹಿಂದೆ ಹುಣ್ಣಾಗಿದ್ದವರು, ಹೃದಯಕ್ಕೆಂದು ಆಸ್ಪಿರಿನ್ನನ್ನೋ ರಕ್ತ ತೆಳುಮಾಡುವ ಔಷಧಿಯನ್ನೋ ಸೇವಿಸುವವರು, ಜೊತೆಗೆ ಸ್ಟೀರಾಯ್ಡ್ ಸೇವಿಸುವವರು, ಇವರಿಗೆ ಅಪಾಯ ಹಲವು ಪಟ್ಟು. ಕೆಲವೆಡೆ ಮಂಡಿನೋವಿಗೆ ಹೆಸರಿಲ್ಲದ ಬಣ್ಣಬಣ್ಣದ ಮಾತ್ರೆಗಳನ್ನು ಪೊಟ್ಟಣ ಕಟ್ಟಿ ಕೊಡುತ್ತಾರೆ. ಒಂದೇ ರಾತ್ರಿಗೆ ಪವಾಡದಂತೆ ನೋವು ಮಾಯವಾದರೆ ಅದರೊಳಗೆ ನೋವಿನ ಮಾತ್ರೆಯ ಜೊತೆ ಸ್ಟೀರಾಯ್ಡ್ ಸೇರಿರಬಹುದೆಂದು ಅನುಮಾನಿಸುವುದು ಲೇಸು. ಪ್ಯಾರಸಿಟಮಾಲ್ ಜಠರಕ್ಕೆ ಇವುಗಳಷ್ಟು ಕೇಡು ಮಾಡುವುದಿಲ್ಲ. ಹೇಳಿದ ಪ್ರಮಾಣ ಮೀರಿದರೆ ಯಕೃತ್ತಿಗೆ ಕೇಡು. ದೀರ್ಘಕಾಲ ನೋವಿನ ಮಾತ್ರೆ ಬೇಕೇಬೇಕಾದವರಿಗೆ ಆಮ್ಲ ತಗ್ಗಿಸುವ ಮಾತ್ರೆಯನ್ನು ಜೊತೆಗೆ ಕೊಡುವುದು ವೈದ್ಯರ ಕೆಲಸ, ಕೇಳಿ ಪಡೆಯುವುದು ನಿಮ್ಮ ಹಕ್ಕು. ಬೀಡಿ, ಸಿಗರೇಟು ಸೇದುವವರ ಹುಣ್ಣು ಬೇಗ ಮಾಯುವುದಿಲ್ಲ ಎಂಬುದನ್ನೂ ಸೇರಿಸುತ್ತೇನೆ.

ಡಾಂಬರಿನ ಬಣ್ಣ

ರಕ್ತ ಕೆಂಪು, ಜಠರದಲ್ಲಿ ಸುರಿದ ರಕ್ತ ಹೊರಗೆ ಬರುವಾಗ ಕೆಂಪಾಗಿರಬೇಕೆಂದಿಲ್ಲ. ಆಮ್ಲದಲ್ಲಿ ನೆಂದ ರಕ್ತದ ಹಿಮೋಗ್ಲೋಬಿನ್ ಕಂದು ಬಣ್ಣಕ್ಕೆ ತಿರುಗುತ್ತದೆ. ವಾಂತಿಯಾದರೆ ಫಿಲ್ಟರಿನಲ್ಲಿ ಉಳಿದ ಕಾಫಿ ಚರಟದಂತೆ ಕಾಣುತ್ತದೆ. ಕರುಳಿಗೆ ಇಳಿದರೆ ಇನ್ನಷ್ಟು ಮಾರ್ಪಾಡಾಗಿ, ಮಲ ಡಾಂಬರಿನಂತೆ ಕಪ್ಪಗೆ, ಮಿರುಗುತ್ತಾ, ಅಂಟಂಟಾಗಿ, ಒಂದು ಬಗೆಯ ವಿಶಿಷ್ಟ ದುರ್ವಾಸನೆಯಿಂದ ಕೂಡಿರುತ್ತದೆ. ನೀರು ಹಾಕಿದರೆ ಸುಲಭವಾಗಿ ಜಾರದು. ಇಷ್ಟಾಗಲು 50ರಿಂದ 100 ಮಿಲಿಲೀಟರು ರಕ್ತ ಸಾಕು, ಅಂದರೆ ಅರ್ಧ ಲೋಟ ಕಾಫಿಯಷ್ಟು. ಕಬ್ಬಿಣದ ಮಾತ್ರೆ ತಿನ್ನುವವರ ಮಲವೂ ಕಪ್ಪಾಗುತ್ತದೆ, ಆದರೆ ಅದರಲ್ಲಿ ಡಾಂಬರಿನ ಅಂಟೂ ಆ ವಾಸನೆಯೂ ಇರುವುದಿಲ್ಲ. ಸಂದೇಹವಿದ್ದರೆ ನೀವೇ ತೀರ್ಮಾನಿಸಬೇಡಿ, ಪರೀಕ್ಷೆ ಮಾಡಿಸಿ. ರಕ್ತಸ್ರಾವ ಬಹಳ ಜೋರಾಗಿದ್ದರೆ ಕಪ್ಪಾಗಲು ಸಮಯವೇ ಸಿಗದೆ ಮಲದಲ್ಲಿ ಕೆಂಪು ರಕ್ತವೇ ಹೋಗಬಹುದು. ಇನ್ನು ಹನಿಹನಿಯಾಗಿ ಸೋರುವವರಲ್ಲಿ ಮಲದ ಬಣ್ಣ ಬದಲಾಗುವುದೇ ಇಲ್ಲ. ತಿಂಗಳುಗಟ್ಟಲೆ ಸುಸ್ತು, ಏದುಸಿರು, ರಕ್ತಹೀನತೆ ಮಾತ್ರ. ಇಂಥವರು ಟಾನಿಕ್ ಕುಡಿಯುತ್ತಾ ಕಾಲ ತಳ್ಳುವ ಬದಲು ರಕ್ತ ಎಲ್ಲಿ ಹೋಗುತ್ತಿದೆ ಎಂದು ಹುಡುಕಿಸಬೇಕು.

ಸಂಕೋಚವೇ ಇಲ್ಲಿ ದೊಡ್ಡ ಶತ್ರು. ನಮ್ಮ ಮನೆಗಳಲ್ಲಿ ಊಟದ ರುಚಿಯನ್ನು ಹತ್ತು ಜನರ ಮುಂದೆ ಹೇಳುತ್ತೇವೆ, ಮಲದ ಬಣ್ಣವನ್ನು ಹೆಂಡತಿಗೂ ಹೇಳುವುದಿಲ್ಲ. ವಯಸ್ಸಾದವರು ಕತ್ತಲಲ್ಲಿ, ಬಯಲಲ್ಲಿ ಹೋಗಿಬರುವ ಕಡೆ ನೋಡಿಕೊಳ್ಳುವುದೂ ಇಲ್ಲ. ಹಿರಿಯರು ಇದ್ದಕ್ಕಿದ್ದಂತೆ ಸುಸ್ತೆಂದು ಮಲಗಿದರೆ, ಎದ್ದು ನಿಂತಾಗ ಕಣ್ಣು ಕತ್ತಲಿಟ್ಟರೆ ದಯವಿಟ್ಟು ಕೇಳಿ.

ಇನ್ನೊಂದು ವಿಷಯ. ಇಂಥ ರಕ್ತಸ್ರಾವ ಬಹುಮಂದಿಯಲ್ಲಿ ತಾನಾಗಿಯೇ ನಿಲ್ಲುತ್ತದೆ. ಇದು ಒಳ್ಳೆಯ ಸುದ್ದಿಯೇ, ಆದರೆ ಮೋಸವೂ ಇದರಲ್ಲೇ ಇದೆ. ನಾಳದ ಕಿಂಡಿಯನ್ನು ಮುಚ್ಚಿರುವುದು ಒಂದು ಹೆಪ್ಪು ಅಷ್ಟೆ. ಅದೂ ಆಮ್ಲದಲ್ಲಿ ನೆನೆಯುತ್ತಿರುವ ಹೆಪ್ಪು. ಮತ್ತೆ ಕಿತ್ತುಕೊಂಡು ಬರುವ ಅಪಾಯ ಮೊದಲ ಮೂರು ದಿನಗಳಲ್ಲಿ ಅತಿ ಹೆಚ್ಚು. “ನಿನ್ನೆ ಕಪ್ಪಗಿತ್ತು, ಇವತ್ತು ಪರವಾಗಿಲ್ಲ” ಎಂದು ಹೊಲಕ್ಕೆ ಹೋದವರಲ್ಲಿ ಎರಡನೆಯ ಸಲ ಸಂಜೆಯೊಳಗೆ ಕುಸಿದುಬಿದ್ದವರಿದ್ದಾರೆ. ಮೊದಲ ಗಂಟೆಗಳಲ್ಲಿ ಮಾಡಿಸಿದ ಹಿಮೋಗ್ಲೋಬಿನ್ ಪರೀಕ್ಷೆಯೂ ಮೋಸಮಾಡುತ್ತದೆ. ಹಂಡೆಯಿಂದ ಅರ್ಧ ಸಾರು ಚೆಲ್ಲಿದರೂ ಉಳಿದ ಸಾರಿನ ಉಪ್ಪು ಖಾರ ಮೊದಲಿನಷ್ಟೇ ಇರುವಂತೆ, ಅರ್ಧ ರಕ್ತ ಹೋದರೂ ಉಳಿದ ರಕ್ತದ ಹಿಮೋಗ್ಲೋಬಿನ್ ಆಗ ಸರಿಯಾಗಿಯೇ ಕಾಣಬಹುದು. ಹೊರಗಿನಿಂದ ನೀರು ಸೇರಿದ ಮೇಲಷ್ಟೇ ಅದು ತೆಳ್ಳಗಾಗುವುದು. ಆದ್ದರಿಂದ ಅಂಕಿಗಿಂತ ನಾಡಿ, ರಕ್ತದೊತ್ತಡಗಳನ್ನು ನಾವು ಹೆಚ್ಚು ನಂಬುತ್ತೇವೆ.

ಆಸ್ಪತ್ರೆಯಲ್ಲಿ

ಮೊದಲು ಸಲೈನ್, ಬೇಕಾದರೆ ರಕ್ತ. ಆಮ್ಲ ತಗ್ಗಿಸುವ ಔಷಧಿಯನ್ನು ರಕ್ತನಾಳದ ಮೂಲಕವೇ ಕೊಡುತ್ತಾರೆ. ಆಮ್ಲ ತಗ್ಗಿದರೆ ಹೆಪ್ಪು ಗಟ್ಟಿಯಾಗಿ ನಿಲ್ಲುತ್ತದೆ. ರೋಗಿ ಸ್ವಲ್ಪ ಸ್ಥಿರವಾದ ಮೇಲೆ, ಸಾಮಾನ್ಯವಾಗಿ 24 ಗಂಟೆಗಳೊಳಗೆ, ಎಂಡೋಸ್ಕೋಪಿ. ಬಾಯಿಯ ಮೂಲಕ ಕ್ಯಾಮೆರಾ ಇರುವ ಕೊಳವೆಯನ್ನು ಇಳಿಸಿ, ಹುಣ್ಣನ್ನು ಕಣ್ಣಾರೆ ಕಂಡು, ಅದೇ ಕೊಳವೆಯಿಂದ ಅಡ್ರಿನಲಿನ್ ಚುಚ್ಚಿ, ಶಾಖ ಕೊಟ್ಟು ಅಥವಾ ಕ್ಲಿಪ್ ಹಾಕಿ ನಾಳವನ್ನು ಮುಚ್ಚುತ್ತಾರೆ. ಹೆಚ್ಚಿನವರಿಗೆ ಇಷ್ಟೇ ಸಾಕು. ಮದ್ಯಪಾನದಿಂದಲೋ ಬೇರೆ ಕಾರಣದಿಂದಲೋ ಯಕೃತ್ತು ಕೆಟ್ಟವರಲ್ಲಿ ಅನ್ನನಾಳದ ಉಬ್ಬಿದ ಅಭಿಧಮನಿಗಳು ಒಡೆದು ರಕ್ತ ಬರುವುದು ಬೇರೆಯೇ ಕಾಯಿಲೆ, ಅದರ ಚಿಕಿತ್ಸೆಯೂ ಬೇರೆ. ಕುಡಿತದ ವಿಷಯವನ್ನು ವೈದ್ಯರಿಂದ ಮುಚ್ಚಿಡಬಾರದೆನ್ನುವುದು ಇದಕ್ಕೇ.

ಕ್ಲಿಪ್ಪಿಗೂ ಬಗ್ಗದ ಗ್ಯಾಸ್ಟ್ರೊಡುಯೊಡಿನಲ್ ನಾಳವಿದ್ದರೆ ತೊಡೆಸಂದಿನ ಅಪಧಮನಿಯಿಂದ ತೆಳು ಕೊಳವೆ ತೂರಿಸಿ, ಮಹಾಪಧಮನಿಯಲ್ಲಿ ಮೇಲೇರಿ, ಸೀಲಿಯಾಕ್ ತೂಬನ್ನು ಹೊಕ್ಕು, ಆ ನಾಳದೊಳಗೆ ಲೋಹದ ಸಣ್ಣ ಸುರುಳಿಗಳನ್ನು ಇರಿಸಿ ಮುಚ್ಚುವ ವಿಧಾನ ದೊಡ್ಡ ಆಸ್ಪತ್ರೆಗಳಲ್ಲಿದೆ. ಇಲ್ಲಿ ನುರಿತವರು ಕಿಂಡಿಯ ಮೇಲೊಂದು, ಕೆಳಗೊಂದು ಹೀಗೆ ಎರಡೂ ಕಡೆ ಮುಚ್ಚುತ್ತಾರೆ. ಮುಂಬಾಗಿಲು ಮಾತ್ರ ಹಾಕಿದರೆ ಹಿತ್ತಲ ಬಾಗಿಲಿನಿಂದ ರಕ್ತ ಬರುತ್ತದೆ. ಕೊನೆಗೆ ಉಳಿದದ್ದು ಶಸ್ತ್ರಚಿಕಿತ್ಸೆ. ಡುಯೊಡಿನಮ್ಮಿನ ಮುಂಗೋಡೆ ಸೀಳಿ, ಹಿಂಗೋಡೆಯ ಹುಣ್ಣಿನಲ್ಲಿ ಚಿಮ್ಮುವ ನಾಳಕ್ಕೆ ಬೆರಳೊತ್ತಿ ಹಿಡಿದು, ಮೇಲೆ ಒಂದು, ಕೆಳಗೆ ಒಂದು, ಮೇದೋಜೀರಕದ ಕಡೆಯಿಂದ ಬರುವ ಅಡ್ಡ ಕವಲಿಗೆ ಒಂದು, ಹೀಗೆ ಮೂರು ಹೊಲಿಗೆ ಹಾಕುತ್ತಾರೆ. ಮೂರನೆಯ ಹೊಲಿಗೆ ಏಕೆಂಬುದು ಇಲ್ಲಿಯವರೆಗೆ ಓದಿದವರಿಗೆ ವಿವರಿಸಬೇಕಾಗಿಲ್ಲ. ಈಗ ಇಂಥ ಶಸ್ತ್ರಚಿಕಿತ್ಸೆ ಅಪರೂಪವಾಗುತ್ತಿದೆ. ಅದು ಸಂತೋಷದ ವಿಷಯ.

ಕಪ್ಪು ಮಲ, ಚರಟದಂಥ ಅಥವಾ ಕೆಂಪು ವಾಂತಿ ಕಂಡರೆ ಮನೆಯಲ್ಲಿ ಮಾಡಬೇಕಾದ್ದು ಕಡಿಮೆ, ಮಾಡಬಾರದ್ದು ಹೆಚ್ಚು. ರೋಗಿಯನ್ನು ಮಲಗಿಸಿ, ಕಾಲನ್ನು ಸ್ವಲ್ಪ ಎತ್ತರಿಸಿ. ವಾಂತಿ ಬರುತ್ತಿದ್ದರೆ ಉಸಿರಿಗೆ ಸಿಕ್ಕಿಕೊಳ್ಳದಂತೆ ಪಕ್ಕಕ್ಕೆ ಹೊರಳಿಸಿ. 108ಕ್ಕೆ ಕರೆ ಮಾಡಿ. ತಣ್ಣನೆಯ ಹಾಲು ಕುಡಿಸಬೇಡಿ. ಹಾಲು ಮೊದಲು ತಂಪೆನಿಸಿದರೂ ಆಮೇಲೆ ಆಮ್ಲವನ್ನು ಹೆಚ್ಚಿಸುತ್ತದೆ. ಮೇಲಾಗಿ ಎಂಡೋಸ್ಕೋಪಿಗೆ ಹೊಟ್ಟೆ ಖಾಲಿ ಇರಬೇಕು. ಬಿಳಿಯ ಆಂಟಾಸಿಡ್ ದ್ರವವೂ ಬೇಡ, ಅದು ಸುಣ್ಣ ಬಳಿದಂತೆ ಹುಣ್ಣನ್ನು ಮರೆಮಾಡುತ್ತದೆ. ನಡೆಸಿಕೊಂಡು ಬಸ್ ಸ್ಟ್ಯಾಂಡಿಗೆ ಹೋಗಬೇಡಿ. ರಕ್ತ ಕೊಡಬಲ್ಲ ಇಬ್ಬರು ಆರೋಗ್ಯವಂತರು ಜೊತೆಗೆ ಬಂದರೆ ಉಪಕಾರ. ಹೃದಯಕ್ಕೆಂದು ಆಸ್ಪಿರಿನ್ ಸೇವಿಸುವವರು ಈ ಲೇಖನ ಓದಿ ಹೆದರಿ ಅದನ್ನು ತಾವಾಗಿಯೇ ನಿಲ್ಲಿಸಬಾರದು. ಸ್ಟೆಂಟ್ ಹಾಕಿಸಿಕೊಂಡವರಂತೂ ಖಂಡಿತ ಕೂಡದು. ಹೊಟ್ಟೆಯ ರಕ್ಷಣೆಗೆ ಏನು ಮಾಡಬೇಕೆಂದು ಮುಂದಿನ ಸಲ ಹೋದಾಗ ನಿಮ್ಮ ವೈದ್ಯರನ್ನು ಕೇಳಿ.

ಮನೆಯಿಂದ ಹೊರಡುವಾಗ ರೋಗಿಯ ದಿಂಬಿನ ಕೆಳಗೆ, ಎಲೆ ಅಡಿಕೆ ಚೀಲದಲ್ಲಿ, ದೇವರ ಗೂಡಿನ ಪಕ್ಕದಲ್ಲಿ ಹುಡುಕಿ, ಸಿಕ್ಕ ಮಾತ್ರೆಯ ಹಾಳೆಗಳನ್ನೆಲ್ಲ, ಖಾಲಿಯಾದವನ್ನೂ ಸೇರಿಸಿ, ಒಂದು ಚೀಲಕ್ಕೆ ಹಾಕಿಕೊಂಡು ಬನ್ನಿ. “ಬರೀ ನೋವಿಂದು” ಎಂಬ ಮಾತ್ರೆಯ ಹಾಳೆಯನ್ನಂತೂ ಮರೆಯದೆ ತನ್ನಿ.